ಅತ್ತೆ ಬಂದ್ರು!

"ಅತ್ತೆ ಬಂದ್ರು! ಅತ್ತೆ ಬಂದ್ರು!"

ಆಸ್ಪತ್ರೆ ಗೋಡೆಯ ಪಕ್ಕದ ರಸ್ತೆಯಲ್ಲಿ ಈ ಕೂಗು ಎದ್ದಿತೆಂದರೆ ಸಾಕು, ಕೂತವರೆಲ್ಲ ದಡಬಡ ಎದ್ದುಬಿಡುತ್ತಿದ್ದರು. ಹಣ್ಣಿನವನು ಗಾಡಿ ತಳ್ಳಿಕೊಂಡು ಓಡುತ್ತಿದ್ದ. ತರಕಾರಿಯವಳು ಬುಟ್ಟಿ ತಲೆಗೇರಿಸಿ, ಸಿಕ್ಕಿದ ಮನೆಯ ಗೇಟು ತೆರೆದು ಒಳಗೆ ನುಗ್ಗಿ, ಆ ಮನೆಯ ಯಜಮಾನಿಯೇ ತಾನೆಂಬಂತೆ ನಿಂತುಬಿಡುತ್ತಿದ್ದಳು. ಬಾಚಣಿಗೆ ಮಾರುವವನು ಚೀಲ ಹೆಗಲಿಗೇರಿಸಿ, ರೋಗಿಯನ್ನು ನೋಡಲು ಬಂದವನ ಹಾಗೆ ಮುಖ ಸಪ್ಪಗೆ ಮಾಡಿಕೊಂಡು ಆಸ್ಪತ್ರೆಯೊಳಗೆ ಸೇರಿಕೊಳ್ಳುತ್ತಿದ್ದ. ನೋಡನೋಡುತ್ತಿದ್ದಂತೆ ರಸ್ತೆ ಗುಡಿಸಿಟ್ಟ ಅಂಗಳವಾಗುತ್ತಿತ್ತು. ಕಾಲಿಗೆ ಬುದ್ಧಿ ಹೇಳುವುದರಲ್ಲಿ ಆ ರಸ್ತೆಯವರನ್ನು ಮೀರಿಸುವವರು ಆ ಊರಿನಲ್ಲಿ ಇರಲಿಲ್ಲ.

ಅತ್ತೆ ಎಂದರೆ ಯಾರ ಅತ್ತೆಯೂ ಅಲ್ಲ, ನಗರಸಭೆಯ ಹಳದಿ ಲಾರಿ. ರಸ್ತೆ ಬದಿಯಲ್ಲಿ ಇಟ್ಟುಕೊಂಡು ಮಾರುವವರ ಸಾಮಾನನ್ನು ಬಾಚಿಕೊಂಡು ಹೋಗುವ ಲಾರಿ. "ಅತ್ತೆ ಬರೋ ಸದ್ದಾದ್ರೆ ಕೂತಿರೋ ಸೊಸೆ ಎದ್ದು ಓಡಲ್ವಾ? ನಮ್ದೂ ಅದೇ ಕಥೆ" ಎಂದು ಗುಂಡಿಯಕ್ಕ ಒಮ್ಮೆ ನಗೆಯಾಡಿದ್ದಳು. ಹೆಸರು ಅಂಟಿಕೊಂಡಿತು. ಲಾರಿಯವರಿಗೆ ಅರ್ಥವಾಗದ, ವ್ಯಾಪಾರಿಗಳಿಗೆಲ್ಲ ಅರ್ಥವಾಗುವ ಮಾತಾಯಿತು.

ಗುಂಡಿಯಕ್ಕ ಎಂದೊಡನೆ ರಸ್ತೆಯ ಗುಂಡಿ ನೆನಪಾದರೆ ತಪ್ಪಿಲ್ಲ. ಆ ಗುಂಡಿಗಳಿಗೂ ಅಲ್ಲಿ ಕೊರತೆಯಿರಲಿಲ್ಲ. ಆದರೆ ಇವಳು ಅಂಗಿಗೆ ಹಾಕುವ ಗುಂಡಿ ಮಾರುವವಳು. ಗುಂಡಿ, ಸೂಜಿ, ದಾರ, ಎಲಾಸ್ಟಿಕ್, ಕೂದಲಿನ ಕ್ಲಿಪ್ಪು. ಎಲ್ಲವನ್ನೂ ಒಂದು ದಪ್ಪ ಬಟ್ಟೆಯ ಮೇಲೆ ಹರಡಿ ಕೂರುತ್ತಿದ್ದಳು. ಆ ಬಟ್ಟೆಯ ನಾಲ್ಕು ಮೂಲೆಗೂ ದಾರ ಹೊಲಿದು, ದಾರಗಳನ್ನೆಲ್ಲ ಒಂದೇ ಬಳೆಗೆ ಕಟ್ಟಿದ್ದಳು. ಬಳೆ ಹಿಡಿದು ಎಳೆದರೆ ಅಂಗಡಿ ಗಂಟಾಗುತ್ತಿತ್ತು. ಗಂಟು ಬಗಲಿಗೇರಿದರೆ ಗುಂಡಿಯಕ್ಕ ಮಾಯ. ಅವಳ ಜಾಗ ರಸ್ತೆಯ ಮೂಲೆಯಲ್ಲಿ. ಲಾರಿ ಬರುವುದು ಮೊದಲು ಕಾಣುವುದು ಅವಳಿಗೆ, ಮೊದಲು ಕೂಗುವವಳೂ ಅವಳೇ. ಅದರಲ್ಲಿ ಅವಳಿಗೆ ಸಣ್ಣ ಹೆಮ್ಮೆಯೂ ಇತ್ತು. ಸುಳ್ಳೇಕೆ ಹೇಳಬೇಕು, ದೊಡ್ಡ ಹೆಮ್ಮೆಯೇ ಇತ್ತು.

ಅವಳ ಪಕ್ಕದಲ್ಲಿ ಕೂರುತ್ತಿದ್ದವನು ಬೀಗದಜ್ಜ. ಕೆಟ್ಟ ಬೀಗ ಸರಿಮಾಡುವುದು, ಕಳೆದುಹೋದ ಕೀಲಿಗೆ ಜೊತೆ ಮಾಡಿಕೊಡುವುದು ಅವನ ಕೆಲಸ. ಅವನದು ಮರದ ಪೆಟ್ಟಿಗೆ. ಅದರೊಳಗೆ ಅರಗಳು, ಸುತ್ತಿಗೆ, ಕೀಲಿ ಕಚ್ಚಿ ಹಿಡಿಯುವ ಕಬ್ಬಿಣದ ಇಕ್ಕಳ, ಇನ್ನೂ ಹಲ್ಲು ಕೊರೆಯದ ನೂರೆಂಟು ಕೀಲಿಗಳು. ಅಜ್ಜನ ಮೊಣಕಾಲುಗಳು ಸವೆದಿದ್ದವು. ಅತ್ತೆ ಬಂದಾಗ ಅವನು ಓಡುವುದೆಲ್ಲಿ ಬಂತು? ಗುಂಡಿಯಕ್ಕ ಒಂದು ಬಗಲಲ್ಲಿ ತನ್ನ ಗಂಟು, ಇನ್ನೊಂದು ಕೈಯಲ್ಲಿ ಅಜ್ಜನ ಪೆಟ್ಟಿಗೆಯ ಹಿಡಿ ಹಿಡಿದು ಆಸ್ಪತ್ರೆ ಗೇಟಿನೊಳಗೆ ಎಳೆದುಕೊಂಡು ಹೋಗುತ್ತಿದ್ದಳು. ಅಜ್ಜ ಹಿಂದೆ ಕುಂಟುತ್ತಾ ಬರುತ್ತಿದ್ದ.

"ಹೋದ ಜನ್ಮದಲ್ಲಿ ನೀನು ನನ್ನ ತಾಯಿ ಆಗಿದ್ದೆ ಕಣಮ್ಮ" ಎನ್ನುತ್ತಿದ್ದ.

"ಹಾಗಾದ್ರೆ ಇಷ್ಟು ಭಾರದ ಪೆಟ್ಟಿಗೆ ಹೊತ್ಕೊಂಡು ತಿರುಗೋಕೆ ನಾನು ಬಿಡ್ತಾನೇ ಇರ್ಲಿಲ್ಲ" ಎಂದು ಅವಳು ಏದುಸಿರು ಬಿಡುತ್ತಲೇ ನಗುತ್ತಿದ್ದಳು.

ಹೀಗೇ ವರ್ಷಗಳು ಉರುಳಿದವು.

ಒಂದು ಸಂಜೆ ಗುಂಡಿಯಕ್ಕ ಮನೆಯಲ್ಲಿ ರಟ್ಟಿನ ತುಂಡಿಗೆ ಗುಂಡಿ ಹೊಲಿಯುತ್ತಾ ಕೂತಿದ್ದಳು. ಬಿಡಿ ಗುಂಡಿ ಕೊಂಡುಕೊಳ್ಳುವಾಗ ಜನ ಮೂಗು ಮುರಿಯುತ್ತಾರೆ, ರಟ್ಟಿಗೆ ಹೊಲಿದು ಕೊಟ್ಟರೆ ಖುಷಿಯಿಂದ ಒಯ್ಯುತ್ತಾರೆ. ಗಂಡ ಗೋದಾಮಿನಲ್ಲಿ ಮೂಟೆ ಹೊತ್ತು ಬಂದು ಗೋಡೆಗೊರಗಿ ಕಾಲು ಚಾಚಿದ್ದ. ಆಗ ನಾದಿನಿ ಬಂದಳು. ಗಂಡನ ತಂಗಿ. ಸೇತುವೆಯ ಆಚೆ ಬಸ್ ನಿಲ್ದಾಣದ ಹತ್ತಿರ ನಿಂಬೆಹಣ್ಣು ಮಾರುತ್ತಾಳೆ. ಅಲ್ಲಿಯ ಬೀದಿ ವ್ಯಾಪಾರಿಗಳ ಸಂಘದಲ್ಲಿ ಓಡಾಡುವವಳು.

"ಅತ್ತಿಗೆ, ಬರೋ ವಾರ ನಿಮ್ಮ ರಸ್ತೆಗೆ ಎಣಿಸೋರು ಬರ್ತಾರೆ. ಅವತ್ತು ಜಾಗ ಬಿಟ್ಟು ಕದಲಬೇಡಿ" ಎಂದಳು, ಬಾಗಿಲಲ್ಲಿ ಚಪ್ಪಲಿ ಬಿಡುತ್ತಲೇ.

"ಏನು ಎಣಿಸ್ತಾರೆ? ನನ್ನ ಗುಂಡಿಗಳನ್ನಾ?"

"ನಿಮ್ಮನ್ನೇ. ಯಾರು ಎಲ್ಲಿ ಕೂತು ಏನು ಮಾರ್ತಾರೆ ಅಂತ ಬರ್ಕೋತಾರೆ, ಫೋಟೋ ತೆಗೀತಾರೆ. ಆಮೇಲೆ ವ್ಯಾಪಾರ ಮಾಡೋಕೆ ಪ್ರಮಾಣಪತ್ರ, ಗುರುತಿನ ಚೀಟಿ ಎಲ್ಲಾ ಕೊಡ್ತಾರೆ. ನಮ್ಮ ಕಡೆ ಆಯ್ತು. ಈಗ ಲಾರಿ ಬಂದ್ರೂ ನಾನು ಕೂತೇ ಇರ್ತೀನಿ."

ಗುಂಡಿಯಕ್ಕ ಹಲ್ಲಲ್ಲಿ ದಾರ ಕಡಿದಳು. "ಹೆಸರು ಬರೆಸ್ಕೊಂಡ್ರೆ ಹಿಡಿಯೋಕೆ ಸುಲಭ ಆಗುತ್ತೆ ಅಂತ ಬರ್ಕೋತಾರೆ ಕಣೇ. ಇಷ್ಟು ವರ್ಷ ಓಡಿಸಿದವರು ಈಗ ಕೂರಿಸಿ ಆರತಿ ಎತ್ತುತ್ತಾರಾ? ರಸ್ತೆ ಏನು ನಮ್ಮಪ್ಪಂದಾ?"

"ನಮ್ಮಪ್ಪಂದಲ್ಲ, ಅವರಪ್ಪಂದೂ ಅಲ್ಲ. ಎಲ್ಲರದ್ದು. ನಡೆಯೋರಿಗೆ ದಾರಿ ಬಿಟ್ಟು, ಗಲೀಜು ಮಾಡದೆ ವ್ಯಾಪಾರ ಮಾಡೋಕೆ ಕಾನೂನೇ ಜಾಗ ಕೊಟ್ಟಿದೆ ಅತ್ತಿಗೆ. ಎಣಿಕೆ ಮುಗಿದು ಪ್ರಮಾಣಪತ್ರ ಕೊಡೋ ತನಕ ಯಾರನ್ನೂ ಎಬ್ಬಿಸೋ ಹಾಗಿಲ್ಲ. ಆಮೇಲೂ ಅಷ್ಟೇ, ಎಬ್ಬಿಸ್ಬೇಕು ಅಂದ್ರೆ ಒಂದು ತಿಂಗಳು ಮುಂಚೆ ಬರವಣಿಗೇಲಿ ತಿಳಿಸ್ಬೇಕು."

"ನಿಮ್ಮ ಸಂಘದವರ ಮಾತು ಕೇಳೋಕೆ ಚೆನ್ನಾಗಿರುತ್ತೆ" ಎಂದು ಗಂಡ ಆಕಳಿಸಿದ. "ಇಲ್ಲದ ಉಸಾಬರಿ ಯಾಕೆ ಮೈಮೇಲೆ ಎಳ್ಕೊಳ್ಳೋದು?"

"ಅಣ್ಣ, ಓಡೋದು ಉಸಾಬರಿ ಅಲ್ವಾ? ಕೂತಿರೋದೇ ಉಸಾಬರೀನಾ?"

ಅಣ್ಣ ಇನ್ನೊಮ್ಮೆ ಆಕಳಿಸಿ ಕಣ್ಣು ಮುಚ್ಚಿದ. ಗುಂಡಿಯಕ್ಕನೂ ಕಿವಿಗೆ ಹಾಕಿಕೊಳ್ಳಲಿಲ್ಲ. ಮಾರನೆಯ ದಿನ ಅದನ್ನೊಂದು ತಮಾಷೆಯ ಸುದ್ದಿ ಮಾಡಿ ಬೀಗದಜ್ಜನಿಗೆ ಹೇಳಿದಳು. ಅಜ್ಜ ನಗಲಿಲ್ಲ. ಕೈಯಲ್ಲಿದ್ದ ಅರ ಕೆಳಗಿಟ್ಟ.

"ನಿಜವಾಗ್ಲೂ ಬರ್ತಾರಾ ಮಗಳೇ? ಹಾಗಾದ್ರೆ ನನ್ನ ಹೆಸರೊಂದು ಬರೆಸ್ಕೋಬೇಕು. ಈ ಮೊಣಕಾಲು ಇಟ್ಕೊಂಡು ಇನ್ನೆಷ್ಟು ದಿನ ಓಡ್ಲಿ? ನೀನೊಬ್ಬಳು ಇಲ್ದಿದ್ರೆ ನಾನು ಯಾವತ್ತೋ ಮನೆ ಸೇರ್ತಿದ್ದೆ."

ಅಂದಿನಿಂದ ಅಜ್ಜ ತನ್ನ ಗುರುತಿನ ಕಾರ್ಡನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಅಂಗಿಯ ಒಳಜೇಬಿನಲ್ಲಿ ಇಟ್ಟುಕೊಂಡು ಬರತೊಡಗಿದ. ಅಂಗಿಯೂ ದಿನಾ ಒಗೆದದ್ದೇ. ಫೋಟೋ ತೆಗೆಯುತ್ತಾರಲ್ಲ ಎಂದು ಗಡ್ಡವನ್ನೂ ಹೆರೆಸಿಕೊಂಡಿದ್ದ. "ಏನಜ್ಜ, ಮದುವೆ ಗಂಡು" ಎಂದು ಗುಂಡಿಯಕ್ಕ ರೇಗಿಸಿದಳು. ಆ ಮಾತನ್ನು ನೆನೆಸಿಕೊಂಡು ಅವಳು ಎಷ್ಟು ಸಲ ಕಣ್ಣೀರು ಹಾಕಿದ್ದಾಳೋ ಅವಳಿಗೇ ಗೊತ್ತು.

ಎಣಿಸುವವರು ಬಂದೇ ಬಂದರು. ವ್ಯಾಪಾರ ಆಗತಾನೇ ಶುರುವಾಗಿತ್ತು. ಗುಂಡಿಯಕ್ಕ ಒಬ್ಬ ಹೆಂಗಸಿಗೆ ರವಿಕೆಯ ಬಣ್ಣಕ್ಕೆ ಹೊಂದುವ ಗುಂಡಿ ಹುಡುಕಿಕೊಡುತ್ತಿದ್ದಳು. ತಲೆಯೆತ್ತಿದಾಗ ತಿರುವಿನಲ್ಲಿ ಹಳದಿ ಬಣ್ಣ ಕಂಡಿತು. ಅಷ್ಟೇ. ಕಣ್ಣು ಕಂಡದ್ದನ್ನು ತಲೆಗೆ ಕಳಿಸುವ ಮೊದಲೇ ಬಾಯಿ ತೆರೆದುಕೊಂಡಿತ್ತು.

"ಅತ್ತೆ ಬಂದ್ರು!"

ಕೈ ತಾನಾಗಿ ಬಳೆ ಎಳೆಯಿತು. ಹಣ್ಣಿನ ಗಾಡಿ ಗಡಗಡ ಹೊರಟಿತು. ತರಕಾರಿಯವಳು ಗೇಟು ತೆರೆದಳು. ಬೀಗದಜ್ಜ ಮಾತ್ರ ಕಣ್ಣಿಗೆ ಕೈ ಅಡ್ಡ ಹಿಡಿದು ನೋಡುತ್ತಾ ಕೂತೇ ಇದ್ದ.

"ಮಗಳೇ, ಅದು ಲಾರಿ ಅಲ್ಲ ಅನ್ಸುತ್ತೆ. ಚಿಕ್ಕ ಗಾಡಿ. ಆ ಎಣಿಸೋರೇ ಇರ್ಬೇಕು..."

"ಅಜ್ಜ, ಮೊದಲು ಏಳಿ! ಆಮೇಲೆ ಎಣಿಸ್ಕೊಳ್ಳೀರಂತೆ!"

ಅವನ ರಟ್ಟೆ ಹಿಡಿದು ಎಬ್ಬಿಸಿದಳು. ಪೆಟ್ಟಿಗೆಯನ್ನು ದರದರ ಎಳೆದಳು. ಗೇಟಿನ ಕಂಬದ ಹಿಂದೆ ನಿಂತು ಉಸಿರು ತೆಗೆದುಕೊಂಡ ಮೇಲೆ ಇಣುಕಿ ನೋಡಿದಳು.

ರಸ್ತೆಯಲ್ಲಿ ನಿಂತಿದ್ದದ್ದು ನಗರಸಭೆಯ ಜೀಪು. ಬಣ್ಣ ಲಾರಿಯದೇ. ಅದರಿಂದ ದೊಣ್ಣೆ ಹಿಡಿದವರು ಯಾರೂ ಧುಮುಕಲಿಲ್ಲ. ಹೆಗಲಿಗೆ ಚೀಲ ಹಾಕಿಕೊಂಡ ಒಬ್ಬ ಹುಡುಗಿ ಇಳಿದಳು, ಅವಳ ಹಿಂದೆ ಕ್ಯಾಮೆರಾ ಹಿಡಿದ ಒಬ್ಬ. ಇಬ್ಬರೂ ಖಾಲಿ ರಸ್ತೆಯನ್ನು ಆ ತುದಿಯಿಂದ ಈ ತುದಿವರೆಗೆ ನೋಡಿದರು. ಹುಡುಗಿ ಎದುರಿನ ಔಷಧಿ ಅಂಗಡಿಯವನನ್ನು ಏನೋ ಕೇಳಿದಳು. ಅವನು ಗೊತ್ತಿಲ್ಲವೆಂದು ಹೆಗಲು ಕುಣಿಸಿದ.

"ಅವರೇ ಮಗಳೇ" ಎಂದ ಅಜ್ಜ. ಕೈ ಒಳಜೇಬಿಗೆ ಹೋಗಿತ್ತು. "ಬಾ, ಹೋಗೋಣ. ಪೆಟ್ಟಿಗೆಗೊಂದು ಕೈ ಹಿಡಿ."

ಆಗ ಹೋಗಬಹುದಿತ್ತು. ನಾಲ್ಕು ಹೆಜ್ಜೆ, ಅಷ್ಟೇ. "ಇಲ್ಲಿದ್ದೀವಿ ಕಣಮ್ಮ" ಎಂದು ಕೂಗಿದ್ದರೂ ಸಾಕಿತ್ತು. ಇಡೀ ರಸ್ತೆಗೆ ಕೇಳುವ ಗಂಟಲು ಗುಂಡಿಯಕ್ಕನದು. ಆದರೆ ಆ ಹೊತ್ತಿಗೆ ಬಾಯಿಗೆ ಬೀಗ ಬಿದ್ದಿತ್ತು. ಸುಳ್ಳು ಕೂಗು ಕೂಗಿದೆನಲ್ಲ, ಎಲ್ಲರೂ ನಗುತ್ತಾರಲ್ಲ ಎಂಬ ನಾಚಿಕೆ ಒಂದು ಕಡೆ. ನಿಜವಾಗಿಯೂ ಹಿಡಿದುಬಿಟ್ಟರೆ ಎಂಬ ಹಳೆಯ ಭಯ ಇನ್ನೊಂದು ಕಡೆ.

"ನಾಳೆ ಬರ್ತಾರೆ ಬಿಡಿ ಅಜ್ಜ. ಇವತ್ತೇ ಮುಗಿದು ಹೋಯ್ತಾ?" ಎಂದಳು.

ಹುಡುಗಿ ಏನೋ ಬರೆದುಕೊಂಡಳು. ಜೀಪು ಹೋಯಿತು.

ನಾಳೆ ಅವರು ಬರಲಿಲ್ಲ. ನಾಡಿದ್ದೂ ಬರಲಿಲ್ಲ. ಅಜ್ಜ ಮಾತ್ರ ಇನ್ನೂ ಕೆಲವು ದಿನ ಒಗೆದ ಅಂಗಿ ಹಾಕಿಕೊಂಡೇ ಬಂದ.

ಬಂದದ್ದು ಅತ್ತೆ, ನಿಜವಾದ ಅತ್ತೆ. ಅದೂ ಗುಂಡಿಯಕ್ಕನ ಮೂಲೆಯಿಂದಲ್ಲ, ಬೆನ್ನ ಹಿಂದಿನಿಂದ. ಅವಳು ಕೂಗುವ ಹೊತ್ತಿಗೆ ಲಾರಿ ಅರ್ಧ ರಸ್ತೆ ದಾಟಿತ್ತು. ಹಣ್ಣಿನ ಗಾಡಿ ಮಗುಚಿ ಹಣ್ಣುಗಳು ಚರಂಡಿಗೆ ಉರುಳಿದವು. ಗುಂಡಿಯಕ್ಕ ಬಳೆ ಎಳೆದು ಗೇಟಿನತ್ತ ಓಡಿದಳು. ಅಂದು ಅವಳ ಇನ್ನೊಂದು ಕೈ ಖಾಲಿಯಿತ್ತು. ಪೆಟ್ಟಿಗೆ ನೆನಪಾಗಿ ಹಿಂತಿರುಗಿ ನೋಡಿದಾಗ ಇಬ್ಬರು ಅದನ್ನು ಎತ್ತುತ್ತಿದ್ದರು. ಅಜ್ಜ ಅದರ ಹಿಡಿಯನ್ನು ಬಿಡದೆ ಜೊತೆಗೇ ಎಳೆಸಿಕೊಂಡು ಹೋಗುತ್ತಿದ್ದ.

"ಸ್ವಾಮಿ, ಎಣಿಕೆ ಆಗೋ ತನಕ ಎಬ್ಬಿಸೋ ಹಾಗಿಲ್ವಂತೆ..."

ಲಾರಿಯ ಮೇಲ್ವಿಚಾರಕ ಕೆಟ್ಟವನೇನಲ್ಲ. ಬಿಸಿಲಲ್ಲಿ ಸುಸ್ತಾಗಿದ್ದ, ಅಷ್ಟೇ. "ಎಣಿಕೆ ಆಗಿದೆ ಅಜ್ಜ. ಈ ರಸ್ತೇಲಿ ವ್ಯಾಪಾರ ಮಾಡೋರು ಯಾರೂ ಇಲ್ಲ ಅಂತ ಬರೆದಿದ್ದಾರೆ. ಇಲ್ಲದೇ ಇರೋರಿಗೆ ನಾನೇನು ಹೇಳ್ಲಿ?" ಎಂದ.

ಅಜ್ಜನ ಕೈ ಹಿಡಿಯಿಂದ ಜಾರಿತು. ಪೆಟ್ಟಿಗೆ ಲಾರಿಯೊಳಗೆ ಬಿದ್ದ ಸದ್ದಿಗೆ ಒಳಗಿದ್ದ ಕೀಲಿಗಳೆಲ್ಲ ಒಟ್ಟಿಗೆ ಗಿಲಗಿಲ ಎಂದವು. ಇಷ್ಟು ವರ್ಷ ಆ ರಸ್ತೆಯಲ್ಲಿ ಉಂಡು, ಜಗಳವಾಡಿ, ನಕ್ಕು, ಮಕ್ಕಳನ್ನು ಸಾಕಿದ ಇಷ್ಟೊಂದು ಜನ ಒಂದೇ ಕೂಗಿಗೆ ಇಲ್ಲವೇ ಇಲ್ಲದವರಾಗಿದ್ದರು.

ಆಮೇಲೆ ಕೆಲವು ದಿನ ಅಜ್ಜ ಬರಿಗೈಯಲ್ಲೇ ಬಂದು ತನ್ನ ಜಾಗದಲ್ಲಿ ಕೂತ. ಗೊತ್ತಿದ್ದವರು ಬೀಗ ಹಿಡಿದು ಬರುತ್ತಿದ್ದರು. "ಇವತ್ತು ಆಗಲ್ಲ ಸ್ವಾಮಿ" ಎಂದು ಕಳಿಸುತ್ತಿದ್ದ. ನಾಳೆ ಆಗುತ್ತದೆಯೇ ಎಂದು ಅವರು ಕೇಳಿದರೆ ಗುಂಡಿಯಕ್ಕನ ಮುಖ ನೋಡುತ್ತಿದ್ದ. ಕೊನೆಗೊಂದು ದಿನ ಎದ್ದು ನಿಂತು, ಬೇರೆ ಊರಿನ ಮಗಳ ಮನೆಗೆ ಹೋಗುತ್ತೇನೆ ಎಂದ.

"ಅಜ್ಜ, ನಾನು ಅವತ್ತು ಕೂಗದೇ ಇದ್ದಿದ್ರೆ..." ಎಂದಳು ಗುಂಡಿಯಕ್ಕ.

"ಬಿಡಮ್ಮ. ನೀನು ಕೂಗಿ ಎಬ್ಬಿಸಿದ್ದಕ್ಕೇ ಅಲ್ವಾ ನಾನು ಇಷ್ಟು ವರ್ಷ ಉಳ್ಕೊಂಡಿದ್ದು?"

ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು.

ಅಂದು ಸಂಜೆ ಅವಳೇ ಸೇತುವೆ ದಾಟಿ ನಾದಿನಿಯ ಹತ್ತಿರ ಹೋದಳು. ನಾದಿನಿ ನಿಂಬೆಹಣ್ಣುಗಳನ್ನು ಒದ್ದೆ ಬಟ್ಟೆಯಿಂದ ಒರೆಸುತ್ತಿದ್ದಳು. ಎಲ್ಲ ಕೇಳಿದಳು. ಹೇಳಿದ್ದೆನಲ್ಲ ಎನ್ನಲಿಲ್ಲ. ಅತ್ತಿಗೆಯ ಕೈಗೊಂದು ಬಟ್ಟೆ ಕೊಟ್ಟು ಪಕ್ಕದಲ್ಲಿ ಕೂರಿಸಿಕೊಂಡಳು.

"ಪೆಟ್ಟಿಗೆ ಎತ್ಕೊಂಡು ಹೋದಾಗ ಚೀಟಿ ಕೇಳಿದ್ರಾ?"

"ಯಾವ ಚೀಟಿ?"

"ಏನೇನು ತಗೊಂಡು ಹೋದ್ರು ಅಂತ ಬರೆದು, ಸಹಿ ಹಾಕಿ ಕೊಡ್ಬೇಕು ಅತ್ತಿಗೆ. ಆ ಚೀಟಿ ತೋರಿಸಿ, ದಂಡ ಇದ್ರೆ ಕಟ್ಟಿ, ಸಾಮಾನು ವಾಪಸ್ ಕೇಳ್ಬಹುದು. ಹಣ್ಣು ತರಕಾರಿ ಆದ್ರೆ ಕೇಳಿದ ದಿನಾನೇ ಕೊಡ್ಬೇಕು. ಬೇರೆ ಸಾಮಾನಾದ್ರೆ ಎರಡು ಕೆಲಸದ ದಿನದೊಳಗೆ."

"ಲಾರಿಯವರ ಹತ್ರ ಚೀಟಿ ಕೇಳೋದಾ? ಅವರ ಮುಖ ನೋಡೋಕೂ ನಮಗೆ ಧೈರ್ಯ ಇಲ್ಲ ಕಣೇ. ನಾವು ಅವರ ಬೆನ್ನನ್ನೂ ನೋಡಿದವರಲ್ಲ, ನಮ್ಮ ಬೆನ್ನು ತೋರಿಸಿದವರು."

ಮರುದಿನ ಇಬ್ಬರೂ ನಗರಸಭೆಯ ಗೋದಾಮಿಗೆ ಹೋದರು. ಮುರಿದ ಗಾಡಿಗಳು, ಛತ್ರಿಗಳು, ತಕ್ಕಡಿಗಳು ಒಂದರ ಮೇಲೊಂದು ಬಿದ್ದಿದ್ದವು. ಕಾವಲುಗಾರ ಚೀಟಿ ಕೇಳಿದ. ಇಲ್ಲವೆಂದಾಗ ತಾನೇ ಮರುಗಿ, ಒಳಗೆ ಹೋಗಿ ಹುಡುಕಿ ಎಂದ. ಮಧ್ಯಾಹ್ನದವರೆಗೆ ಹುಡುಕಿದರು. ಅಜ್ಜನ ಪೆಟ್ಟಿಗೆ ಸಿಗಲಿಲ್ಲ. ಕೈಯೆಲ್ಲ ತುಕ್ಕು ಮಾಡಿಕೊಂಡು ಬರಿಗೈಯಲ್ಲಿ ಹೊರಬಂದರು.

"ಅಜ್ಜಂದು ಹೋಯ್ತು" ಎಂದಳು ಗುಂಡಿಯಕ್ಕ. "ನನ್ನಿಂದ ಹೋಯ್ತು."

"ಉಳಿದವರದ್ದು ಇನ್ನೂ ಹೋಗಿಲ್ಲ" ಎಂದಳು ನಾದಿನಿ. "ವ್ಯಾಪಾರಿಗಳ ವಿಷಯ ನೋಡೋಕೆ ಒಂದು ಸಮಿತಿ ಇದೆ. ಅದರಲ್ಲಿ ನಮ್ಮಂಥ ವ್ಯಾಪಾರಿಗಳೂ ಇರ್ತಾರೆ, ಹೆಂಗಸರೂ ಇರ್ತಾರೆ. ಎಣಿಕೇಲಿ ಬಿಟ್ಟುಹೋದವರು ನಾವು, ಮತ್ತೆ ಬಂದು ನೋಡಿ ಅಂತ ಎಲ್ಲರೂ ಸೇರಿ ಅರ್ಜಿ ಕೊಡಿ. ಒಬ್ಬೊಬ್ಬರೇ ಹೋದ್ರೆ ನಾಳೆ ಬನ್ನಿ ಅಂತಾರೆ. ರಸ್ತೆಗೆ ರಸ್ತೇನೇ ಹೋದ್ರೆ ಕುರ್ಚಿ ಹಾಕ್ತಾರೆ."

ನಗರಸಭೆಯಲ್ಲಿ ಕುರ್ಚಿಯನ್ನೇನೂ ಹಾಕಲಿಲ್ಲ. ಆದರೆ ಅರ್ಜಿ ತೆಗೆದುಕೊಂಡರು. ಹಣ್ಣಿನವನು, ತರಕಾರಿಯವಳು, ಬಾಚಣಿಗೆಯವನು ಎಲ್ಲರೂ ಹೋಗಿದ್ದರು. ಉಸಾಬರಿ ಬೇಡ ಎಂದಿದ್ದ ಗಂಡನೂ ಆ ದಿನದ ಕೂಲಿ ಬಿಟ್ಟು ಬಂದ. "ಅಜ್ಜ ನಮ್ಮ ಮನೆ ಬೀಗಕ್ಕೆ ಕೀಲಿ ಮಾಡ್ಕೊಟ್ಟಿದ್ರು. ಕಾಸು ತಗೊಂಡಿರ್ಲಿಲ್ಲ" ಎಂದ. ಯಾರೂ ಅವನನ್ನು ಏನೂ ಕೇಳಿರಲಿಲ್ಲ.

ಹಲವು ಸಲ ಅಲೆದಾಡಿದ ಮೇಲೆ ಎಣಿಸುವವರು ಮತ್ತೆ ಬರುತ್ತಾರೆಂದು ತಿಳಿಯಿತು. ಗುಂಡಿಯಕ್ಕ ಅಜ್ಜನ ಮಗಳ ಮನೆಗೆ ಫೋನ್ ಮಾಡಿದಳು.

"ಬನ್ನಿ ಅಜ್ಜ. ನಾನು ಎಬ್ಬಿಸಲ್ಲ."

"ಪೆಟ್ಟಿಗೆ ಇಲ್ದೆ ಬಂದು ಏನ್ ಹೇಳ್ಲಿ ಮಗಳೇ, ಏನು ಮಾರ್ತೀಯ ಅಂತ ಕೇಳಿದ್ರೆ? ಕೈಯೂ ನಡುಗುತ್ತೆ ಈಗ. ನೀವೆಲ್ಲ ಬರೆಸ್ಕೊಳ್ಳಿ."

ಆ ದಿನ ಬಂತು. ತಿರುವಿನಲ್ಲಿ ಹಳದಿ ಬಣ್ಣ ಕಂಡಿತು. ಗುಂಡಿಯಕ್ಕನ ಕಾಲುಗಳು ತಾವಾಗಿ ಮಡಚಿಕೊಂಡು ಏಳಲು ಹೊರಟವು. ಬೆರಳು ಬಳೆಯೊಳಗೆ ತೂರಿತ್ತು. ತಲೆ ತಿರುಗಿಸಿದರೆ ಇಡೀ ರಸ್ತೆ ಅವಳ ಬಾಯನ್ನೇ ನೋಡುತ್ತಿತ್ತು. ಹಣ್ಣಿನವನ ಕೈ ಆಗಲೇ ಗಾಡಿಯ ಮೇಲಿತ್ತು.

ಅವಳು ಕತ್ತರಿ ತೆಗೆದು ಬಳೆಯ ದಾರಗಳನ್ನು ಕತ್ತರಿಸಿದಳು. ಆಮೇಲೆ ಗಂಟಲು ಹರಿಯುವಂತೆ ಕೂಗಿದಳು.

"ಕೂತ್ಕೊಳ್ರೀ! ಯಾರೂ ಏಳಬೇಡಿ, ಎಲ್ಲಾ ಕೂತ್ಕೊಳ್ರೀ!"

ಕೂತರು. ಅದೇ ಹುಡುಗಿ ಬಂದಳು. ಒಬ್ಬೊಬ್ಬರ ಹೆಸರು, ಮಾರುವ ಸಾಮಾನು, ಎಷ್ಟು ವರ್ಷದಿಂದ ಇಲ್ಲಿ ಎಂಬುದನ್ನೆಲ್ಲ ಬರೆದುಕೊಂಡಳು. ಫೋಟೋ ತೆಗೆಯುವಾಗ ಗುಂಡಿಯಕ್ಕನಿಗೆ ನಗಿ ಎಂದರು. ಅವಳಿಗೆ ನಗು ಬರಲಿಲ್ಲ. ಹುಡುಗಿ ಮುಂದಕ್ಕೆ ಹೋಗುವಾಗ ಗೋಡೆಯ ಪಕ್ಕ ಎರಡು ಅಂಗಡಿಗಳ ನಡುವೆ ಬಿಟ್ಟಿದ್ದ ಜಾಗ ನೋಡಿ ನಿಂತಳು. ನೆಲದ ಮೇಲೆ ಪೆಟ್ಟಿಗೆ ಉಜ್ಜಿ ಉಜ್ಜಿ ಆದ ನುಣುಪು ಗುರುತು ಇನ್ನೂ ಇತ್ತು.

"ಇಲ್ಲಿ ಯಾರು ಕೂರ್ತಾರೆ ಅಕ್ಕ?"

"ಬೀಗದಜ್ಜ."

"ಎಲ್ಲಿ ಅವರು?"

"ಹೋದ ಸಲ ನೀವು ಬಂದಾಗ ಇಲ್ಲೇ ಇದ್ರು ಕಣಮ್ಮ" ಎಂದಳು ಗುಂಡಿಯಕ್ಕ. "ಆ ಗೇಟಿನ ಹಿಂದೆ. ಕ್ಷೌರ ಮಾಡಿಸ್ಕೊಂಡು, ಒಗೆದ ಅಂಗಿ ಹಾಕ್ಕೊಂಡು."

ಹುಡುಗಿ ಪೆನ್ನು ಹಿಡಿದು ಕಾದಳು. ಎದುರಿಗೆ ಇಲ್ಲದವರನ್ನು ಬರೆದುಕೊಳ್ಳುವ ಹಾಗಿರಲಿಲ್ಲ. ಕೊನೆಗೆ ಮುಂದಿನವರ ಹತ್ತಿರ ಹೋದಳು.

ಈಗ ಆ ರಸ್ತೆಯಲ್ಲಿ ಎಲ್ಲರ ಬಳಿಯೂ ಪ್ರಮಾಣಪತ್ರವಿದೆ. ಹಳದಿ ಲಾರಿ ಬಂದರೂ ಯಾರೂ ಏಳುವುದಿಲ್ಲ. ಗುಂಡಿಯಕ್ಕನ ಪಕ್ಕದ ಜಾಗದಲ್ಲಿ ಮಾತ್ರ ಈಗಲೂ ಯಾರೂ ಕೂರುವುದಿಲ್ಲ. ಬೀಗ ಹಿಡಿದು ಬಂದವರಿಗೆ, ಅಜ್ಜ ಇನ್ನು ಬರುವುದಿಲ್ಲವೆಂದು ಅವಳೇ ಹೇಳುತ್ತಾಳೆ.

ರಸ್ತೆ ಬದಿಯಲ್ಲಿ ದುಡಿಯುವ ಅಕ್ಕಂದಿರೇ, ಅಣ್ಣಂದಿರೇ, ನಿಮ್ಮ ರಸ್ತೆಯಲ್ಲೂ ಇಂಥದ್ದೊಂದು ಕೂಗು ಇದ್ದೇ ಇರುತ್ತದೆ. ಅದಕ್ಕೆ ನೀವು ಯಾವ ಹೆಸರಿಟ್ಟಿದ್ದೀರೋ ನಮಗೆ ಗೊತ್ತಿಲ್ಲ. ನಿಮ್ಮ ಊರಿನಲ್ಲಿ ವ್ಯಾಪಾರಿಗಳ ಎಣಿಕೆ ಯಾವಾಗ ಎಂದು ನಗರಸಭೆಯಲ್ಲೋ ಸಂಘದಲ್ಲೋ ಇಂದೇ ವಿಚಾರಿಸಿ. ಎಣಿಕೆ ಆಗಿಹೋಗಿ ನಿಮ್ಮ ಹೆಸರು ಬಿಟ್ಟಿದ್ದರೆ, ಪಕ್ಕದವರನ್ನೂ ಕರೆದುಕೊಂಡು ಹೋಗಿ ಅರ್ಜಿ ಕೊಡಿ. ಸಾಮಾನು ಎತ್ತಿಕೊಂಡು ಹೋದರೆ ಸಹಿ ಮಾಡಿದ ಚೀಟಿ ಕೇಳಿ, ಹೆದರಿಕೆಯಾದರೂ ಕೇಳಿ. ಇಷ್ಟು ವರ್ಷ ಕಾಲಿಗೆ ಬುದ್ಧಿ ಹೇಳಿದ್ದು ಸಾಕು. ಎಣಿಸುವವರು ಬಂದ ದಿನ ನಿಮ್ಮ ಜಾಗದಲ್ಲಿ ಕೂತಿರಿ. ಪಕ್ಕದಲ್ಲಿ ಓಡಲಾರದವರು ಇದ್ದರೆ, ಅವರ ಕೈ ಹಿಡಿದು ಕೂರಿಸಿಕೊಳ್ಳಿ.